ಸಿಂಗಳೀಕದ ದಾರಿ



ಬ್ರಹ್ಮಗಿರಿ, ಮಾಕುಟ್ಟದ ನಿತ್ಯಹರಿದ್ವರ್ಣ ಕಾಡಿನಲ್ಲಿ ಕಾಣುವ ಕಪ್ಪು ಮಂಗಗಳೆಲ್ಲ ಒಂದೇ ಜಾತಿಯವಲ್ಲ. ನೀಳಬಾಲದ ಕರಿಮುಸುವ ಬೇರೆ. ಮುಖದ ಸುತ್ತ ಬೂದುಬಿಳಿ ಕೇಸರ, ಗಿಡ್ಡ ಬಾಲದ ತುದಿಯಲ್ಲಿ ಸಿಂಹಕ್ಕಿರುವಂತಹ ಕುಚ್ಚು ಹೊತ್ತ ಸಿಂಗಳೀಕ ಬೇರೆ. ಕೋವಿ ಹಿಡಿದವರು ಈ ಭೇದವನ್ನು ಎಣಿಸಲಿಲ್ಲ. ಕೊಡಗಿನಲ್ಲಿ ಸಿಂಗಳೀಕ ವಿರಳವಾದುದಕ್ಕೆ ಬೇಟೆಯೂ ಒಂದು ಕಾರಣ.

ಪಶ್ಚಿಮ ಘಟ್ಟವನ್ನು ಬಿಟ್ಟರೆ ಜಗತ್ತಿನ ಬೇರಾವ ಕಾಡಿನಲ್ಲಿಯೂ ಸಿಂಗಳೀಕವಿಲ್ಲ. ಇರುವುದು ಕೆಲವೇ ಸಾವಿರ. ಬದುಕಿನ ಬಹುಪಾಲನ್ನು ಮರದ ಮೇಲೆಯೇ ಕಳೆಯುವ ಈ ಪ್ರಾಣಿಗೆ ಕೊಂಬೆಗೆ ಕೊಂಬೆ ತಾಗಿದ ಕಾಡೇ ಹೆದ್ದಾರಿ. ಹೆಣ್ಣು ಮೊದಲ ಮರಿಯನ್ನು ಹೆರುವುದು ಸುಮಾರು 6 ವರ್ಷ ಕಳೆದ ಬಳಿಕ, ಮುಂದಿನದಕ್ಕೆ ಮತ್ತೆ ಎರಡು ಮೂರು ವರ್ಷ. ಒಮ್ಮೆ ಕುಗ್ಗಿದ ಗುಂಪು ಬೇಗ ಚೇತರಿಸುವುದಿಲ್ಲ. ತಮಿಳುನಾಡಿನ ವಾಲ್ಪಾರೈಯಲ್ಲಿ ತೋಟಗಳ ನಡುವೆ ಸಿಕ್ಕಿಬಿದ್ದ ಸಿಂಗಳೀಕಗಳು ನೆಲಕ್ಕಿಳಿದು, ಮನೆಗಳಿಗೆ ನುಗ್ಗಿ, ವಾಹನಗಳಡಿ ಸಿಲುಕಿ ಸತ್ತಿವೆ. ಇದನ್ನು ಹೊಂದಾಣಿಕೆ ಎನ್ನುವವರುಂಟು. ನಿರ್ಗತಿಕತೆ ಎನ್ನುವುದೇ ಸರಿ.

ಈ ಜಾತಿಯ ಉತ್ತರದ ನೆಲೆ ಉತ್ತರ ಕನ್ನಡದ ಅಘನಾಶಿನಿ, ಶರಾವತಿ ಕಣಿವೆಗಳು. ಅಲ್ಲಿ ಸಿದ್ದಾಪುರ ತಾಲ್ಲೂಕಿನ ಕತ್ತಲೆಕಾನಿನಲ್ಲಿ ರಾಮಪತ್ರೆಯ ಜೌಗುಕಾಡುಗಳಿವೆ. ಜನ ಇವನ್ನು ಜಡ್ಡಿ ಎನ್ನುತ್ತಾರೆ. ವರ್ಷವಿಡೀ ಒದ್ದೆಯಾದ ನೆಲ. ಮರಗಳು ಊರುಗೋಲಿನಂತಹ ಬೇರುಗಳ ಮೇಲೆ ನಿಂತಿವೆ. ಕೆಸರಿನಲ್ಲಿ ಉಸಿರಿಲ್ಲದ ಕಾರಣ ಕೆಲವು ಬೇರುಗಳು ಮಡಿಸಿದ ಮೊಣಕಾಲಿನಂತೆ ಮೇಲೆದ್ದು ಗಾಳಿ ಸೇವಿಸುತ್ತವೆ. ಗೇರಿನ ಕುಟುಂಬದ ಹೊಸ ಮರವೊಂದನ್ನು ವಿಜ್ಞಾನ 2000ದಲ್ಲಿ ಗುರುತಿಸಿ, ಇದೇ ಕಾನಿನ ಹೆಸರನ್ನು ಅದಕ್ಕಿಟ್ಟಿತು. ಇಂತಹ ಎಷ್ಟೋ ಜಡ್ಡಿಗಳು ಬಸಿಗಾಲುವೆ ತೋಡಿಸಿಕೊಂಡು ಗದ್ದೆಗಳಾದವು, ಅಡಿಕೆ ತೋಟಗಳಾದವು. ವಿಪರ್ಯಾಸವೆಂದರೆ, ಬೇಸಿಗೆಯಲ್ಲಿ ಆ ತೋಟಗಳಿಗೆ ನೀರುಣಿಸುವುದೂ ಉಳಿದ ಜಡ್ಡಿಗಳ ಒರತೆಯೇ.

ಆ ಕಾಡಿನ ಉಪ್ಪಾಗೆ ಸಿಂಗಳೀಕಕ್ಕೆ ಆಹಾರ, ಬಡವನಿಗೆ ಆದಾಯ. ಸಿಪ್ಪೆಯ ಬೆಲೆ ಏರಿದಾಗ ಎಳೆಯ ಕಾಯಿಗಳನ್ನೂ ಕೊಂಬೆಸಹಿತ ಕಡಿದವರಿದ್ದರು. ಬಡವನನ್ನು ದೂರುವುದು ಸುಲಭ. 2011ರಲ್ಲಿ ಸಿಂಗಳೀಕಕ್ಕೆಂದು ಅಘನಾಶಿನಿಯಲ್ಲಿ ಸಂರಕ್ಷಣಾ ಮೀಸಲು, 2019ರಲ್ಲಿ ಶರಾವತಿ ಕಣಿವೆಯಲ್ಲಿ ಅಭಯಾರಣ್ಯ ಘೋಷಿಸಿದ ಸರ್ಕಾರದ ಮುಂದೆಯೇ, ಅದೇ ಅಭಯಾರಣ್ಯದೊಳಗೆ 2000 ಮೆಗಾವ್ಯಾಟ್‌ನ ವಿದ್ಯುತ್ ಯೋಜನೆಯ ಪ್ರಸ್ತಾವ ಬಂದಿತು. ನೀರನ್ನು ಮೇಲಕ್ಕೆತ್ತಿ ಮರಳಿ ಕೆಳಗಿಳಿಸುವ ಈ ಯೋಜನೆಯ ಬಹುಭಾಗ ನೆಲದಡಿಯ ಸುರಂಗವೆಂಬ ಸಮಾಧಾನವನ್ನು ಹೇಳಲಾಗಿದೆ. ಸುರಂಗಕ್ಕೆ ತಲುಪುವ ರಸ್ತೆಗಳು ನೆಲದ ಮೇಲೆಯೇ ಹಾದುಹೋಗಬೇಕು.

ವಿರಾಜಪೇಟೆಯಿಂದ ಮಾಕುಟ್ಟಕ್ಕೆ ಇಳಿಯುವ ರಸ್ತೆಯೂ ಕಾಡನ್ನು ಸೀಳಿಯೇ ಸಾಗುತ್ತದೆ. ಎರಡೂ ಬದಿಯ ಕೊಂಬೆಗಳು ಇನ್ನೂ ಎಲ್ಲೆಲ್ಲಿ ಕೂಡುತ್ತವೆ, ಎಲ್ಲಿ ಕಡಿದುಹೋಗಿವೆ ಎಂಬುದನ್ನು ವಿದ್ಯಾರ್ಥಿಗಳು ಈ ಮಳೆಗಾಲಕ್ಕೆ ಮುನ್ನ ನಡೆದು ಗುರುತಿಸಿಡುವುದು ಉಚಿತ. ಅಗಲೀಕರಣದ ನಕ್ಷೆ ಬಂದ ದಿನ ಆ ಪಟ್ಟಿ ಗ್ರಾಮಸಭೆಯ ಮೇಜಿನ ಮೇಲಿರಲಿ.