ಮೆಟ್ಟಿಲ ಮೇಲೆ ಕುಳಿತು ಹಾಡಿದ ಹುಡುಗ



ಶಾಲೆಯ ವಾರ್ಷಿಕೋತ್ಸವದಲ್ಲಿ ಮನೆಯ ಮಗು ಒಂದು ಹಾಡು ಹೇಳಿದರೆ, ಅದನ್ನು ಮೊಬೈಲಿನಲ್ಲಿ ಸೆರೆಹಿಡಿದು ಹಳ್ಳಿಯಲ್ಲಿರುವ ಅಜ್ಜಿಗೋ ದುಬೈಯಲ್ಲಿರುವ ಚಿಕ್ಕಪ್ಪನಿಗೋ ಕಳುಹಿಸುವುದು ಈಗ ನಮ್ಮಲ್ಲಿ ಸಾಮಾನ್ಯ ಸಂಗತಿ. ಬರಲಾಗದವರೂ ನೋಡಿ ಸಂತೋಷಪಡಲಿ ಎಂಬುದರಾಚೆ ಅದರಲ್ಲಿ ಬೇರೆ ಉದ್ದೇಶವಿರುವುದಿಲ್ಲ. 2007ರ ಆರಂಭದಲ್ಲಿ ಕೆನಡಾ ದೇಶದ ಒಬ್ಬ ತಾಯಿ ಮಾಡಿದ್ದೂ ಇಷ್ಟೇ. ಆಕೆಯ ಮಗ ಊರಿನ ಹಾಡಿನ ಸ್ಪರ್ಧೆಯಲ್ಲಿ ಭಾಗವಹಿಸಿ ಎರಡನೆಯ ಸ್ಥಾನ ಪಡೆದಿದ್ದ. ಸ್ಪರ್ಧೆಯನ್ನು ನೋಡಲು ಬರಲಾಗದ ಬಂಧುಗಳಿಗಾಗಿ ಆಕೆ ಆ ದೃಶ್ಯವನ್ನು ಯೂಟ್ಯೂಬ್ ಎಂಬ ಹೊಸ ತಾಣದಲ್ಲಿ ಇಟ್ಟರು. ತಾಯಿಯ ಹೆಸರು ಪ್ಯಾಟಿ ಮ್ಯಾಲೆಟ್. ಮಗ ಜಸ್ಟಿನ್ ಬೀಬರ್. ಅವನಿಗಾಗ ಸುಮಾರು ಹನ್ನೆರಡು ವರ್ಷ.

ಮುಂದೇನಾಯಿತೆಂಬುದು ನಿಮ್ಮಲ್ಲಿ ಅನೇಕರಿಗೆ ಗೊತ್ತು. ಅವನ ಹಾಡುಗಳನ್ನು ಕೇಳದವರು ಕೂಡ ಹೆಸರನ್ನು ಕೇಳಿರುತ್ತೀರಿ. ನಾನು ಅವನ ಹಾಡುಗಳ ಗುಣದೋಷಗಳನ್ನು ವಿಮರ್ಶಿಸಲು ಹೊರಟಿಲ್ಲ. ಬಂಧುಗಳಿಗೆಂದು ಇಟ್ಟ ಒಂದು ಹಾಡು ಲೋಕದ ಪಾಲಾದಾಗ, ಅದನ್ನು ಹಾಡಿದ ಮಗುವಿನ ಪಾಲಿಗೆ ಏನು ಉಳಿಯುತ್ತದೆ? ಈ ಒಂದು ಪ್ರಶ್ನೆಯನ್ನು ನಿಮ್ಮ ಮುಂದಿಟ್ಟು ಯೋಚಿಸಬೇಕೆಂದಿದ್ದೇನೆ. ಅವನನ್ನು ಏಕವಚನದಲ್ಲಿ ಕರೆಯುತ್ತಿರುವುದಕ್ಕೆ ಕಾರಣವಿದೆ. ನಾನು ಹೇಳುತ್ತಿರುವುದು ಆ ಹುಡುಗನ ಕಥೆ. ಇಂದು ಮೂವತ್ತು ದಾಟಿರುವ ಗಾಯಕರ ವಿಷಯ ಬಂದಾಗ ಬಹುವಚನಕ್ಕೆ ಹೊರಳುತ್ತೇನೆ.

ಒಂಟಾರಿಯೊ ಪ್ರಾಂತ್ಯದ ಸ್ಟ್ರಾಟ್‌ಫರ್ಡ್ ಒಂದು ಸಣ್ಣ ಪಟ್ಟಣ. ಜನಸಂಖ್ಯೆ ಸುಮಾರು ಮೂವತ್ತು ಸಾವಿರ. ಶೇಕ್ಸ್‌ಪಿಯರ್ ಹುಟ್ಟಿದ ಇಂಗ್ಲೆಂಡಿನ ಊರಿನ ಹೆಸರನ್ನೇ ಇಟ್ಟುಕೊಂಡು, ಅಲ್ಲಿ ಹರಿಯುವ ನದಿಗೂ ಏವನ್ ಎಂದೇ ಹೆಸರಿಟ್ಟು, 1953ರಿಂದ ಶೇಕ್ಸ್‌ಪಿಯರ್ ನಾಟಕೋತ್ಸವವನ್ನು ನಡೆಸಿಕೊಂಡು ಬಂದ ಊರು ಅದು. ಬೇಸಿಗೆಯಲ್ಲಿ ನಾಟಕ ನೋಡಲು ದೂರದೂರದಿಂದ ಜನ ಬರುತ್ತಾರೆ. 1994ರ ಮಾರ್ಚ್ 1ರಂದು ಹುಟ್ಟಿದ ಜಸ್ಟಿನ್ ಬೆಳೆದದ್ದು ಈ ಊರಿನಲ್ಲಿ. ತಾಯಿಗೆ ಆಗಿನ್ನೂ ಚಿಕ್ಕ ವಯಸ್ಸು. ತಂದೆತಾಯಿ ಮದುವೆಯಾಗಿರಲಿಲ್ಲ. ಸಣ್ಣಪುಟ್ಟ ಕೆಲಸಗಳನ್ನು ಮಾಡುತ್ತ, ತನ್ನ ತಂದೆತಾಯಿಯ ನೆರವಿನಿಂದ ಆಕೆ ಮಗನನ್ನು ಬೆಳೆಸಿದರು. ಹುಡುಗ ಡ್ರಮ್ಸ್ ಬಾರಿಸಲು ಕಲಿತ. ಪಿಯಾನೊ, ಗಿಟಾರ್, ಟ್ರಂಪೆಟ್‌ಗಳೂ ಕೈಗೆ ಹತ್ತಿದವು. ಬೇಸಿಗೆಯಲ್ಲಿ ಗಿಟಾರ್ ಹಿಡಿದು ಏವನ್ ಥಿಯೇಟರಿನ ಮುಂದಿನ ಮೆಟ್ಟಿಲುಗಳ ಮೇಲೆ ಕುಳಿತು ನಾಟಕಕ್ಕೆ ಬಂದವರ ಎದುರು ಹಾಡುತ್ತಿದ್ದ. ಗಿಟಾರಿನ ಪೆಟ್ಟಿಗೆ ಮುಂದೆ ತೆರೆದಿರುತ್ತಿತ್ತು. ಮೆಚ್ಚಿದವರು ಅದರಲ್ಲಿ ಕಾಸು ಹಾಕುತ್ತಿದ್ದರು. ಹೀಗೆ ಕೂಡಿದ ಹಣದಲ್ಲಿ ತಾಯಿಮಗ ಇಬ್ಬರೂ ಅಮೆರಿಕದ ಡಿಸ್ನಿ ವರ್ಲ್ಡ್ ನೋಡಿಬಂದರು.

ಈ ಮೆಟ್ಟಿಲುಗಳ ವಿಷಯವನ್ನು ನೀವು ಸ್ವಲ್ಪ ನೆನಪಿನಲ್ಲಿ ಇಟ್ಟುಕೊಳ್ಳಬೇಕು. ರಸ್ತೆಬದಿಯಲ್ಲಿ ಹಾಡುವವನಿಗೆ ಕೇಳುಗರ ಮುಖ ಕಾಣುತ್ತದೆ. ಹಾಡು ಹಿಡಿಸದಿದ್ದರೆ ಅವರು ನಡೆದು ಹೋಗುತ್ತಾರೆ. ಮರುದಿನ ಅದು ಯಾರಿಗೂ ನೆನಪಿರುವುದಿಲ್ಲ. ತಪ್ಪು ಸ್ವರ ಗಾಳಿಯಲ್ಲಿ ಕರಗಿ ಹೋಗುತ್ತದೆ. ಕತ್ತಲಾದರೆ ಮನೆಗೆ ಹೋಗಬಹುದು. ಕಲಿಯುವ ಮಗುವಿಗೆ ಇದಕ್ಕಿಂತ ಒಳ್ಳೆಯ ರಂಗಸ್ಥಳ ನನಗಂತೂ ತೋರುವುದಿಲ್ಲ.

ಯೂಟ್ಯೂಬ್ ಆರಂಭವಾದದ್ದು 2005ರಲ್ಲಿ. ಮರುವರ್ಷವೇ ಗೂಗಲ್ ಸಂಸ್ಥೆ ಅದನ್ನು ಕೊಂಡುಕೊಂಡಿತು. ಈಚಿನ ವರ್ಷಗಳಲ್ಲಿ ನಿಮಿಷವೊಂದಕ್ಕೆ 500 ಗಂಟೆಗಳಿಗೂ ಮೀರಿದ ದೃಶ್ಯಗಳು ಅಲ್ಲಿ ಬಂದು ಬೀಳುತ್ತವೆ ಎಂದು ಆ ಸಂಸ್ಥೆಯೇ ಹೇಳಿದೆ. 2007ರಲ್ಲಿ ಅಂಥ ಪ್ರವಾಹವಿರಲಿಲ್ಲ. ಇನ್ನೂ ಹೊಸದಾದ ಒಂದು ಸಂತೆಯಲ್ಲಿ ಮೊದಲೇ ಬಂದು ಅಂಗಡಿ ಹೂಡಿದವರಿಗೆ ಸಿಗುವ ಅನುಕೂಲ ಆ ತಾಯಿಮಗನಿಗೆ ತಿಳಿಯದೆಯೇ ದೊರೆಯಿತು. ಮೊದಲು ಬಂಧುಗಳು ನೋಡಿದರು. ಆಮೇಲೆ ಗುರುತಿಲ್ಲದವರೂ ನೋಡತೊಡಗಿದರು. ಆಗ ಪ್ರಸಿದ್ಧವಾಗಿದ್ದ ಹಾಡುಗಳನ್ನು ಹುಡುಗ ತನ್ನದೇ ಕಂಠದಲ್ಲಿ ಹಾಡಿದ ದೃಶ್ಯಗಳನ್ನು ತಾಯಿ ಒಂದೊಂದಾಗಿ ಸೇರಿಸುತ್ತ ಹೋದರು.

ಸ್ಕೂಟರ್ ಬ್ರಾನ್ ಎಂಬ ಅಮೆರಿಕದ ಸಂಗೀತೋದ್ಯಮದ ಯುವಕ ಬೇರೊಬ್ಬ ಗಾಯಕನನ್ನು ಹುಡುಕುತ್ತಿದ್ದಾಗ ಆಕಸ್ಮಿಕವಾಗಿ ಈ ಹುಡುಗನ ದೃಶ್ಯವನ್ನು ಒತ್ತಿದರು. ಹುಡುಗ ಯಾರು, ಹಾಡಿದ ಜಾಗ ಯಾವುದು, ಯಾವ ಶಾಲೆ ಎಂದು ಹುಡುಕಿ ಹುಡುಕಿ ಕೊನೆಗೆ ತಾಯಿಯನ್ನು ತಲುಪಿದರು. ಈ ಮಾತು ನಿಮಗೆ ಕಥೆಯ ಸ್ವಾರಸ್ಯವಾಗಿ ಕಾಣಬಹುದು. ಆದರೆ ಇನ್ನೊಮ್ಮೆ ಯೋಚಿಸಿ. ಹದಿಮೂರು ವರ್ಷದ ಮಗುವಿನ ಶಾಲೆ ಯಾವುದೆಂದು ಬೇರೆ ದೇಶದಲ್ಲಿ ಕುಳಿತ ಅಪರಿಚಿತರೊಬ್ಬರು ಕೆಲವು ದೃಶ್ಯಗಳನ್ನು ನೋಡಿಯೇ ಪತ್ತೆಹಚ್ಚಬಲ್ಲರು! ಹುಡುಕಿದವರು ಅವಕಾಶ ಕೊಡಲು ಬಂದಿದ್ದರು ಎಂಬುದು ಆ ಹುಡುಗನ ಪುಣ್ಯ.

ತಾಯಿ ಮೊದಲು ಹಿಂಜರಿದರು. ಪ್ರಾರ್ಥನೆ ಮಾಡಿದರು, ಚರ್ಚಿನ ಹಿರಿಯರನ್ನು ಕೇಳಿದರು, ಆಮೇಲೆ ಒಪ್ಪಿದರು. ಹುಡುಗ ಅಟ್ಲಾಂಟ ನಗರಕ್ಕೆ ಹೋದ. ಪ್ರಸಿದ್ಧ ಗಾಯಕ ಅಶರ್ ಅವರ ಎದುರು ಹಾಡಿದ. 2008ರಲ್ಲಿ ದೊಡ್ಡ ಧ್ವನಿಮುದ್ರಣ ಸಂಸ್ಥೆಯೊಂದರ ಜೊತೆ ಒಪ್ಪಂದವಾಯಿತು. ಇಲ್ಲಿ ಗಮನಿಸಬೇಕಾದ ಒಂದು ಅಂಶವಿದೆ. ಬ್ರಾನ್ ಅವರು ಹುಡುಗನನ್ನು ತಕ್ಷಣ ಯಂತ್ರಗಳ ನಡುವೆ ಕೂರಿಸಲಿಲ್ಲ. ಮನೆಯಲ್ಲಿ ಮಾಡಿದಂತೆಯೇ ಕಾಣುವ ಸರಳ ದೃಶ್ಯಗಳನ್ನೇ ಇನ್ನಷ್ಟು ದಿನ ಯೂಟ್ಯೂಬ್‌ನಲ್ಲಿ ಬರುವಂತೆ ನೋಡಿಕೊಂಡರು. ಮಕ್ಕಳೇ ಮಕ್ಕಳಿಗೆ ಹೇಳಲಿ, ಇವನನ್ನು ಕಂಡುಹಿಡಿದವರು ತಾವೇ ಎಂದು ಅವರಿಗೆ ಅನಿಸಲಿ ಎಂಬುದು ಅವರ ಲೆಕ್ಕ. ಇದನ್ನವರು ಮುಂದೆ ಸಂದರ್ಶನದಲ್ಲಿ ಮುಚ್ಚುಮರೆಯಿಲ್ಲದೆ ಹೇಳಿಕೊಂಡರು. ಸಹಜವಾಗಿ ಕಾಣುವುದೂ ಒಂದು ಯೋಜನೆಯಾಗಬಹುದೆಂಬುದನ್ನು ನೀವು ದಿನವೂ ನೋಡುವ ದೃಶ್ಯಗಳ ವಿಷಯದಲ್ಲಿಯೂ ನೆನೆಯಬಹುದು.

2009ರಲ್ಲಿ ಮೊದಲ ಹಾಡು ಹೊರಬಂತು. ಅದೇ ವರ್ಷದ ನವೆಂಬರಿನಲ್ಲಿ ನ್ಯೂಯಾರ್ಕ್ ಬಳಿಯ ಒಂದು ವಾಣಿಜ್ಯ ಸಂಕೀರ್ಣಕ್ಕೆ ಅವನು ಬರುತ್ತಾನೆಂದು ತಿಳಿದು ಸೇರಿದ ಮಕ್ಕಳ ನೂಕುನುಗ್ಗಲಿನಲ್ಲಿ ಕೆಲವರಿಗೆ ಪೆಟ್ಟಾಗಿ, ಕಾರ್ಯಕ್ರಮವೇ ರದ್ದಾಯಿತು. ಅವನಿಗೆ ಹದಿನೈದು ವರ್ಷ. 2010ರ ಆರಂಭದಲ್ಲಿ ‘ಬೇಬಿ’ ಬಂತು. ಜುಲೈ ವೇಳೆಗೆ ಅದು ಯೂಟ್ಯೂಬ್‌ನಲ್ಲಿ ಅತಿ ಹೆಚ್ಚು ಬಾರಿ ನೋಡಲಾದ ದೃಶ್ಯವಾಯಿತು. 2012ರ ನವೆಂಬರಿನಲ್ಲಿ ಕೊರಿಯದ ‘ಗಂಗ್ನಮ್ ಸ್ಟೈಲ್’ ಅದನ್ನು ಹಿಂದೆ ಹಾಕುವವರೆಗೆ ಆ ಸ್ಥಾನ ಅದಕ್ಕೇ ಇತ್ತು.

ಅದೇ ಹಾಡಿಗೆ ಮತ್ತೊಂದು ದಾಖಲೆಯೂ ಸೇರಿಕೊಂಡಿತು. ಅತಿ ಹೆಚ್ಚು ಜನ ‘ಇಷ್ಟವಿಲ್ಲ’ ಎಂದು ಒತ್ತಿದ ದೃಶ್ಯವೆಂಬ ಹೆಸರು ಹಲವು ವರ್ಷ ಅದರದ್ದಾಗಿತ್ತು. 2018ರ ಡಿಸೆಂಬರಿನಲ್ಲಿ ಯೂಟ್ಯೂಬ್ ಸಂಸ್ಥೆಯೇ ತಯಾರಿಸಿದ ಒಂದು ದೃಶ್ಯ ಆ ಅಪಕೀರ್ತಿಯನ್ನು ತನ್ನದಾಗಿಸಿಕೊಂಡಿತು. 2021ರಲ್ಲಿ ಆ ಸಂಸ್ಥೆ ‘ಇಷ್ಟವಿಲ್ಲ’ ಎಂಬ ಒತ್ತುಗಳ ಲೆಕ್ಕವನ್ನು ಸಾರ್ವಜನಿಕರಿಗೆ ಕಾಣದಂತೆ ಮಾಡಿತು. ಹಾಡು ಹಿಡಿಸದಿದ್ದರೆ ಕೇಳುಗನು ಎದ್ದು ಹೋಗುವುದು ಬೇರೆ. ಹದಿನಾರರ ಹುಡುಗನೊಬ್ಬನನ್ನು ತಾವು ಮೆಚ್ಚುವುದಿಲ್ಲ ಎಂದು ಲಕ್ಷಗಟ್ಟಲೆ ಜನ ಬೆರಳೊತ್ತಿ ಹೇಳಿ, ಆ ಲೆಕ್ಕ ವರ್ಷಾನುಗಟ್ಟಲೆ ಎಲ್ಲರ ಕಣ್ಣೆದುರು ಇರುವುದು ಬೇರೆ. ಅವನಿಗಾದರೂ ಮೆಚ್ಚುವವರ ದಂಡು ಬೆನ್ನಿಗಿತ್ತು. 2011ರಲ್ಲಿ ಕ್ಯಾಲಿಫೋರ್ನಿಯದ ಹದಿಮೂರು ವರ್ಷದ ರೆಬೆಕಾ ಬ್ಲ್ಯಾಕ್ ಎಂಬ ಹುಡುಗಿ ‘ಫ್ರೈಡೇ’ ಎಂಬ ಹಾಡು ಹಾಡಿ ಇದೇ ತಾಣದಿಂದ ಪ್ರಸಿದ್ಧಳಾದಳು. ಅವಳಿಗೆ ಸಿಕ್ಕಿದ್ದು ಬಹುತೇಕ ಹಾಸ್ಯ, ನಿಂದೆ, ಕೊಲೆ ಬೆದರಿಕೆಗಳು. ಅವಳು ಶಾಲೆ ಬಿಟ್ಟು ಮನೆಯಲ್ಲಿ ಓದಬೇಕಾಯಿತು. ತಾಣ ಒಂದೇ, ವಯಸ್ಸೂ ಹೆಚ್ಚುಕಡಿಮೆ ಒಂದೇ.

ಇನ್ನು ಕಂಠದ ವಿಷಯ. ಗಂಡುಮಕ್ಕಳಿಗೆ ಹದಿಹರೆಯದಲ್ಲಿ ದನಿ ಒಡೆಯುತ್ತದೆ. ಧ್ವನಿಪೆಟ್ಟಿಗೆ ದೊಡ್ಡದಾಗಿ, ಧ್ವನಿತಂತುಗಳು ಉದ್ದವಾಗಿ, ದಪ್ಪವಾಗಿ, ದನಿ ಸುಮಾರು ಒಂದು ಸ್ಥಾಯಿಯಷ್ಟು ಕೆಳಗಿಳಿಯುತ್ತದೆ. ಯಾವ ಮಗುವಿನ ಕಂಠಕ್ಕೆ ಲೋಕ ಮರುಳಾಯಿತೋ ಆ ಕಂಠ ಆ ಮಗುವಿನ ಹತ್ತಿರವೇ ಉಳಿಯುವುದಿಲ್ಲ. ‘ಬೇಬಿ’ ಲೋಕವನ್ನು ಸುತ್ತುತ್ತಿದ್ದ ಅದೇ ವರ್ಷ ಬೀಬರ್‌ನ ದನಿಯೂ ಒಡೆಯತೊಡಗಿತ್ತು. ಆ ಹಾಡಿನ ಕೆಲವು ಸ್ವರಗಳು ತನಗೀಗ ಎಟಕುವುದಿಲ್ಲ, ವೇದಿಕೆಯಲ್ಲಿ ಶ್ರುತಿಯನ್ನು ಇಳಿಸಿಕೊಂಡು ಹಾಡುತ್ತೇನೆ ಎಂದು 2010ರಲ್ಲಿ ಅವನೇ ಒಪ್ಪಿಕೊಂಡ. ಕಂಠವನ್ನು ತಿದ್ದುವ ಶಿಕ್ಷಕಿ ಜೊತೆಗಿದ್ದದ್ದರಿಂದ ಆ ಗಂಡಾಂತರ ದಾಟಿತು. ಎಷ್ಟೋ ಬಾಲಗಾಯಕರು ಈ ಹೊಸ್ತಿಲಲ್ಲೇ ಎಡವಿ, ಮತ್ತೆ ವೇದಿಕೆ ಹತ್ತಲಿಲ್ಲ.

ಈ ಮಾತು ಬಂದಾಗ ನನಗೆ ನಮ್ಮ ನಾಡಿನ ಇನ್ನೊಬ್ಬ ಹುಡುಗನ ನೆನಪಾಗುತ್ತದೆ. ಬೆಳಗಾವಿ ಜಿಲ್ಲೆಯ ಸೂಳೇಭಾವಿಯಲ್ಲಿ 1924ರಲ್ಲಿ ಹುಟ್ಟಿದ ಶಿವಪುತ್ರ ಕೊಂಕಾಳಿಮಠ. ಆಗಿನ ಹೊಸ ಯಂತ್ರ ಗ್ರಾಮಫೋನು. ದೊಡ್ಡ ದೊಡ್ಡ ಉಸ್ತಾದರ ತಟ್ಟೆಗಳನ್ನು ಕೇಳಿ ಈ ಬಾಲಕ ಅವನ್ನು ಹಾಗೆಹಾಗೆಯೇ ಹಾಡಿ ತೋರಿಸುತ್ತಿದ್ದ. ಜನ ಬೆರಗಾದರು. ಕುಮಾರ ಗಂಧರ್ವ ಎಂಬ ಬಿರುದು ಎಳೆತನದಲ್ಲೇ ಬಂತು. ತಂದೆ ಊರೂರಿಗೆ ಕರೆದುಕೊಂಡು ಹೋಗಿ ಕಛೇರಿ ಮಾಡಿಸಿದರು. ಅಲ್ಲಿಗೇ ನಿಂತಿದ್ದರೆ ಅವರು ಒಂದು ಕಾಲದ ಕೌತುಕವಾಗಿ ಮರೆತು ಹೋಗುತ್ತಿದ್ದರೋ ಏನೋ. ಹನ್ನೆರಡರ ಆಸುಪಾಸಿನಲ್ಲಿ ಅವರನ್ನು ಮುಂಬಯಿಯ ಬಿ.ಆರ್. ದೇವಧರ್ ಅವರ ಬಳಿ ಕಲಿಯಲು ಬಿಟ್ಟರು. ಇನ್ನೊಬ್ಬರಂತೆ ಹಾಡಿ ಹೆಸರು ಗಳಿಸಿದ್ದ ಹುಡುಗ ಅಲ್ಲಿ ವರ್ಷಗಟ್ಟಲೆ ಕುಳಿತು ಕಲಿತು, ಮುಂದೆ ಯಾರಂತೆಯೂ ಅಲ್ಲದ ಗಾಯನವೊಂದನ್ನು ಕಟ್ಟಿದರು. ಆ ವರ್ಷಗಳ ಕಲಿಕೆಯನ್ನು ಲೋಕ ದಿನದಿನವೂ ಇಣುಕಿ ನೋಡಲಿಲ್ಲ. ಅದು ಅವರಿಗೆ ದೊರೆತ ದೊಡ್ಡ ಅನುಕೂಲವೆಂದೇ ನನ್ನ ಭಾವನೆ.

ಬೀಬರ್‌ಗೆ ಅಂಥ ಮರೆ ಸಿಗಲಿಲ್ಲ. 2014ರ ಜನವರಿಯಲ್ಲಿ, ಹತ್ತೊಂಬತ್ತರ ಹರೆಯದಲ್ಲಿ, ಮಿಯಾಮಿ ಬೀಚಿನಲ್ಲಿ ಪೊಲೀಸರು ಬಂಧಿಸಿದಾಗ ಆ ಭಾವಚಿತ್ರವೂ ಲೋಕಪ್ರಸಿದ್ಧವಾಯಿತು. 2017ರ ಮೇ 10ರಂದು ಮುಂಬಯಿ ಬಳಿಯ ಕ್ರೀಡಾಂಗಣದಲ್ಲಿ ಅವರು ಹಾಡಿದರು. ಎರಡೂವರೆ ತಿಂಗಳಲ್ಲಿ ಆ ಪ್ರವಾಸದ ಉಳಿದ ಕಾರ್ಯಕ್ರಮಗಳನ್ನು ರದ್ದು ಮಾಡಿದರು. 2019ರ ಸೆಪ್ಟೆಂಬರಿನಲ್ಲಿ ಅವರು ಒಂದು ದೀರ್ಘ ಬರಹವನ್ನು ಪ್ರಕಟಿಸಿದರು. ಸಣ್ಣ ಊರಿನ ಹದಿಮೂರರ ಹುಡುಗನಾಗಿದ್ದ ತನ್ನನ್ನು ಎಲ್ಲ ಕಡೆಯಿಂದ ಹೊಗಳಿದ್ದು, ತನ್ನ ಕೆಲಸಗಳನ್ನೆಲ್ಲ ಇತರರೇ ಮಾಡಿಕೊಡುತ್ತಿದ್ದುದರಿಂದ ಬದುಕಿನ ಸಾಮಾನ್ಯ ಹೊಣೆಗಳನ್ನೇ ಕಲಿಯದೆ ಹೋದದ್ದು, ಹತ್ತೊಂಬತ್ತರಲ್ಲಿ ಮಾದಕದ್ರವ್ಯಗಳಿಗೆ ಬಿದ್ದದ್ದು, ಹತ್ತಿರದವರನ್ನು ನೋಯಿಸಿದ್ದು, ಎಲ್ಲವನ್ನೂ ಅದರಲ್ಲಿ ಹೇಳಿಕೊಂಡಿದ್ದಾರೆ. ಅವರು ಎದ್ದು ನಿಂತರು. 2025ರ ಜುಲೈನಲ್ಲಿಯೂ ಹೊಸ ಆಲ್ಬಂ ತಂದರು. ಆದರೆ ಎದ್ದು ನಿಲ್ಲಲು ಬೇಕಾದ ಹಣ, ವೈದ್ಯರು, ಮನೆಯವರು ಅವರಿಗಿದ್ದರು.

ಹಣ ಎಂದೆ. ಮಗು ಗಳಿಸಿದ ಹಣ ಯಾರದು? ಇದು ಹಳೆಯ ಪ್ರಶ್ನೆ. 1921ರಲ್ಲಿ ಚಾರ್ಲಿ ಚಾಪ್ಲಿನ್ ಅವರ ‘ದಿ ಕಿಡ್’ ಚಿತ್ರದಲ್ಲಿ ನಟಿಸಿದ ಜ್ಯಾಕಿ ಕೂಗನ್ ದೊಡ್ಡವನಾದ ಮೇಲೆ ನೋಡಿದರೆ ತಾನು ಗಳಿಸಿದ್ದ ಲಕ್ಷಾಂತರ ಡಾಲರುಗಳು ಬಹುಮಟ್ಟಿಗೆ ಖರ್ಚಾಗಿದ್ದವು. 1938ರಲ್ಲಿ ಅವರು ತಾಯಿ ಮತ್ತು ಮಲತಂದೆಯ ಮೇಲೆ ಮೊಕದ್ದಮೆ ಹೂಡಿದರು. ಮರುವರ್ಷ ಕ್ಯಾಲಿಫೋರ್ನಿಯದಲ್ಲಿ ಬಾಲಕಲಾವಿದರ ಗಳಿಕೆಯನ್ನು ಕಾಪಾಡುವ ಕಾನೂನು ಬಂತು.

ನಮ್ಮ ದೇಶದಲ್ಲಿಯೂ ನಿಯಮವಿದೆ. ಬಾಲಕಾರ್ಮಿಕ ಕಾಯ್ದೆಗೆ 2016ರಲ್ಲಿ ತಿದ್ದುಪಡಿಯಾಗಿ, 2017ರಲ್ಲಿ ನಿಯಮಗಳು ಬಂದವು. ಅವುಗಳ ಪ್ರಕಾರ ಕಲಾವಿದನಾಗಿ ದುಡಿಯುವ ಮಗುವಿನಿಂದ ದಿನಕ್ಕೆ ಐದು ಗಂಟೆಗಿಂತ ಹೆಚ್ಚು, ವಿರಾಮವಿಲ್ಲದೆ ಮೂರು ಗಂಟೆಗಿಂತ ಹೆಚ್ಚು ಕೆಲಸ ಮಾಡಿಸುವಂತಿಲ್ಲ. ಜಿಲ್ಲಾ ದಂಡಾಧಿಕಾರಿಗಳ ಅನುಮತಿ ಬೇಕು. ಗಳಿಕೆಯಲ್ಲಿ ಕನಿಷ್ಠ ಶೇಕಡಾ 20ರಷ್ಟನ್ನು ಮಗುವಿನ ಹೆಸರಿನಲ್ಲೇ ರಾಷ್ಟ್ರೀಕೃತ ಬ್ಯಾಂಕಿನಲ್ಲಿ ನಿಶ್ಚಿತ ಠೇವಣಿಯಾಗಿ ಇಡಬೇಕು. ಮಗುವಿನ ಇಚ್ಛೆಗೆ ವಿರುದ್ಧವಾಗಿ ಭಾಗವಹಿಸುವಂತೆ ಮಾಡಬಾರದು. ಸಿನಿಮಾ, ಧಾರಾವಾಹಿಗಳಿಗೆ ನಿರ್ಮಾಪಕ ಎಂಬವನೊಬ್ಬ ಇರುತ್ತಾನೆ; ಅವನನ್ನು ಕೇಳಬಹುದು. ಅಡಿಗೆಮನೆಯಲ್ಲಿ ಅಮ್ಮ ಮೊಬೈಲ್ ಹಿಡಿದು ನಿಂತಾಗ ನಿರ್ಮಾಪಕರು ಯಾರು? ಇನ್ನೊಮ್ಮೆ ಹಾಡು, ಈ ಸಲ ನಗುತ್ತ ಹಾಡು ಎಂದಾಗ ಗಂಟೆಗಳ ಲೆಕ್ಕ ಇಡುವವರು ಯಾರು? ಹದಿನೆಂಟು ತುಂಬದವರ ವಾಹಿನಿಗೆ ಜಾಹೀರಾತಿನಿಂದ ಬರುವ ಹಣ ಸೇರುವುದು ದೊಡ್ಡವರೊಬ್ಬರ ಖಾತೆಗೆ. ಫ್ರಾನ್ಸ್ ದೇಶ 2020ರಲ್ಲಿ, ಅಮೆರಿಕದ ಇಲಿನಾಯ್ ರಾಜ್ಯ 2024ರ ಜುಲೈಯಿಂದ ಇಂಥ ಮನೆವಿಡಿಯೊಗಳಲ್ಲಿ ಕಾಣುವ ಮಕ್ಕಳ ಪಾಲನ್ನು ಕಾಪಾಡಲು ಕಾನೂನು ತಂದಿವೆ. ಮಗು ಬಯಸಿದರೆ ತನ್ನ ದೃಶ್ಯಗಳನ್ನು ಅಳಿಸುವಂತೆ ಕೇಳುವ ಹಕ್ಕನ್ನೂ ಫ್ರಾನ್ಸಿನ ಕಾನೂನು ಕೊಟ್ಟಿದೆ.

ನಿಮ್ಮಲ್ಲಿ ಹಾಡುವವರಿದ್ದೀರಿ. ಕೆಲವರ ತಂಗಿಯೋ ತಮ್ಮನೋ ಈಗಾಗಲೇ ನಿಮ್ಮ ಮೊಬೈಲಿನ ಮುಂದೆ ನಿಂತು ಹಾಡಿರಬಹುದು. ಒತ್ತುವ ಬೆರಳು ನಿಮ್ಮದು, ಕಾಣುವ ಮುಖ ಅವರದು. ಇನ್ನು ಮುಂದೆ ಒತ್ತುವ ಮೊದಲು ಅವರನ್ನೊಮ್ಮೆ ಕೇಳಿ ನೋಡಿ. ಬೇಡ ಎಂದರೆ ಅಜ್ಜಿಗೆ ಮಾತ್ರ ಕಳುಹಿಸಿದರೂ ನಡೆಯುತ್ತದೆ.

ಸ್ಟ್ರಾಟ್‌ಫರ್ಡಿನ ವಸ್ತುಸಂಗ್ರಹಾಲಯದಲ್ಲಿ 2018ರಲ್ಲಿ ಬೀಬರ್ ಅವರ ಬಾಲ್ಯದ ವಸ್ತುಗಳ ಪ್ರದರ್ಶನವೊಂದು ತೆರೆಯಿತು. ‘ಸ್ಟೆಪ್ಸ್ ಟು ಸ್ಟಾರ್‌ಡಮ್’ ಎಂದು ಅದಕ್ಕೆ ಹೆಸರು. ತಾರೆಯಾಗಲು ಹತ್ತಿದ ಮೆಟ್ಟಿಲುಗಳು ಎಂದರ್ಥ. ಥಿಯೇಟರಿನ ನಿಜವಾದ ಮೆಟ್ಟಿಲುಗಳು ಅದೇ ಊರಿನಲ್ಲಿವೆ. ಹೊರಗಿನಿಂದ ಬಂದ ಮಕ್ಕಳು ಅಲ್ಲಿ ಕುಳಿತು ಚಿತ್ರ ತೆಗೆಸಿಕೊಳ್ಳುತ್ತಾರೆ.