ವಿಧಿಯ ಹೆಸರಿನಲ್ಲಿ ವಿಧವೆಯ ಹಕ್ಕು ಮುಳುಗದಿರಲಿ



ಕೋಳಿಕ್ಕೋಡಿನಿಂದ ಹೊರಟು ನಂಜನಗೂಡು, ಮೈಸೂರು, ತಿ. ನರಸೀಪುರಗಳನ್ನು ಹಾದು ಕೊಳ್ಳೇಗಾಲ ಸೇರುವ 766ನೇ ರಾಷ್ಟ್ರೀಯ ಹೆದ್ದಾರಿ ನಮ್ಮ ಎರಡೂ ಪಟ್ಟಣಗಳ ಅನ್ನದ ದಾರಿ. ಅದೇ ದಾರಿಯಲ್ಲಿ, ತಿ. ನರಸೀಪುರ ಸಮೀಪದ ಕುರುಬೂರಿನ ಬಳಿ 2023ರ ಮೇ 29ರಂದು ಖಾಸಗಿ ಬಸ್ಸು ಮತ್ತು ಇನ್ನೋವಾ ಕಾರು ಡಿಕ್ಕಿಯಾಗಿ ಬಳ್ಳಾರಿ ಕಡೆಯ 10 ಮಂದಿ ಪ್ರವಾಸಿಗರು ಪ್ರಾಣ ಕಳೆದುಕೊಂಡರು. ಪ್ರಧಾನಿಯವರಿಂದಲೂ ಮುಖ್ಯಮಂತ್ರಿಯವರಿಂದಲೂ ಮೃತರ ಕುಟುಂಬಗಳಿಗೆ ತಲಾ 2 ಲಕ್ಷ ರೂಪಾಯಿ ಘೋಷಣೆಯಾಯಿತು. ಆದರೆ ಅದು ಸರಕಾರದ ಅನುಕಂಪ. ನಾವಿಂದು ಮಾತನಾಡಬೇಕಾಗಿರುವುದು ಹಕ್ಕಿನ ಬಗ್ಗೆ.

ನಮ್ಮ ಮೊಹಲ್ಲಾಗಳಲ್ಲಿ ಸಾವು ಸಂಭವಿಸಿದಾಗ ಏನಾಗುತ್ತದೆ? ಶವಾಗಾರದ ಮುಂದೆಯೇ ವಾಹನದ ಮಾಲಕನ ಕಡೆಯವರು ಬರುತ್ತಾರೆ. ಹಿರಿಯರು ನಾಲ್ವರು ಸೇರುತ್ತಾರೆ. "ತಕ್ದೀರಿನಲ್ಲಿ ಇದ್ದದ್ದು ಆಯಿತು, ಕೇಸು ಕೋರ್ಟು ಯಾಕೆ" ಎಂಬ ಮಾತು ಹೊರಡುತ್ತದೆ. ಜನಾಝಾ ಮುಗಿಯುವ ಮೊದಲೇ ಒಂದೆರಡು ಲಕ್ಷಕ್ಕೆ ರಾಜಿಯಾಗುತ್ತದೆ. ಅಲ್ಲಾಹನ ವಿಧಿಯಲ್ಲಿ ವಿಶ್ವಾಸ ನಮ್ಮ ಈಮಾನಿನ ಭಾಗ, ನಿಜ. ಆದರೆ ಅದೇ ಅಲ್ಲಾಹನು ಪವಿತ್ರ ಕುರ್‌ಆನಿನ ಅನ್ನಿಸಾ ಅಧ್ಯಾಯದ 92ನೇ ಸೂಕ್ತದಲ್ಲಿ, ಪ್ರಮಾದದಿಂದ ಜೀವ ತೆಗೆದವನು ಮೃತನ ವಾರೀಸುದಾರರಿಗೆ ದಿಯತ್ ಪಾವತಿಸಬೇಕೆಂದು ವಿಧಿಸಿದ್ದಾನೆ. ಕ್ಷಮಿಸುವ ಅಧಿಕಾರ ಆ ಕುಟುಂಬದ್ದು. ಮುತವಲ್ಲಿಯದ್ದಲ್ಲ, ಮಾವನದ್ದಲ್ಲ, ಮಧ್ಯಸ್ಥನದ್ದಂತೂ ಅಲ್ಲವೇ ಅಲ್ಲ. ಹಾಲುಗೆನ್ನೆಯ ಯತೀಮನ ಪಾಲನ್ನು ಬಿಟ್ಟುಕೊಡಲು ನಾವು ಯಾರು?

ವಿಮೆಯ ಹಣವನ್ನು ಮುಟ್ಟಬಹುದೇ ಎಂಬ ಸಂದೇಹವೂ ಕೆಲವರಲ್ಲಿದೆ. ನಷ್ಟ ತುಂಬಿಕೊಡುವ ಹೊಣೆ ತಪ್ಪಿತಸ್ಥನದ್ದು. ಕಾನೂನು ಆ ಹೊಣೆಯನ್ನು ವಿಮಾ ಕಂಪೆನಿಯ ಮೇಲೆ ಹೊರಿಸಿದೆ. ಪ್ರಮಾದದ ಸಾವಿನಲ್ಲಿ ದಿಯತ್‌ನ ಭಾರವನ್ನು ತಪ್ಪಿತಸ್ಥನ ಬಳಗವಾದ 'ಆಕಿಲಾ' ಹಂಚಿಕೊಳ್ಳುವ ಏರ್ಪಾಡು ನಮ್ಮ ಫಿಕ್‌ಹ್ ಗ್ರಂಥಗಳಲ್ಲೇ ಇದೆ. ಇಲ್ಲಿ ಹಣ ಪಡೆಯುವವರು ವಿಮೆ ಮಾಡಿಸಿದವರಲ್ಲ, ನಷ್ಟಕ್ಕೊಳಗಾದವರು ಎಂಬುದನ್ನು ನೆನಪಿಡಬೇಕು.

ಇನ್ನು ಲೆಕ್ಕಕ್ಕೆ ಬರೋಣ. 32 ವರ್ಷದ ಮೆಕ್ಯಾನಿಕ್ ಒಬ್ಬನ ಸಂಪಾದನೆ ತಿಂಗಳಿಗೆ 15 ಸಾವಿರವೆಂದಿಟ್ಟುಕೊಳ್ಳಿ. ಅವಲಂಬಿತರು ಪತ್ನಿ, ಇಬ್ಬರು ಮಕ್ಕಳು ಮತ್ತು ತಾಯಿ. 2009 ಮತ್ತು 2017ರ ಸುಪ್ರೀಂ ಕೋರ್ಟ್ ತೀರ್ಪುಗಳ ಸೂತ್ರದಂತೆ, ಸ್ವಂತ ಉದ್ಯೋಗಿಯ ವಯಸ್ಸು 40ಕ್ಕಿಂತ ಕಡಿಮೆಯಿದ್ದರೆ ಭವಿಷ್ಯದ ಗಳಿಕೆಗಾಗಿ ಶೇ. 40 ಸೇರಿಸಬೇಕು: 21 ಸಾವಿರ. ನಾಲ್ವರು ಅವಲಂಬಿತರಿರುವುದರಿಂದ ಅವನ ಸ್ವಂತ ಖರ್ಚಿಗೆ ಕಾಲು ಭಾಗ ಕಳೆಯಬೇಕು: 15,750. ವರ್ಷಕ್ಕೆ 1,89,000. ಆ ವಯಸ್ಸಿಗೆ ಗುಣಕ 16. ಒಟ್ಟು 30,24,000 ರೂಪಾಯಿ. ಅಂತ್ಯಸಂಸ್ಕಾರದ ವೆಚ್ಚ, ಸಾಂಗತ್ಯದ ನಷ್ಟ ಇತ್ಯಾದಿ ಬೇರೆ. ಶವಾಗಾರದ ಮುಂದೆ ಎರಡು ಲಕ್ಷಕ್ಕೆ ನಾವು ಮಾರಿದ್ದು ಇದನ್ನು! ಮೃತಪಟ್ಟವಳು ಗೃಹಿಣಿಯಾದರೆ "ಅವಳಿಗೇನು ಸಂಪಾದನೆ" ಎನ್ನುವವರಿದ್ದಾರೆ. ಮನೆವಾರ್ತೆಗೂ ಆದಾಯದ ಬೆಲೆ ಕಟ್ಟಬೇಕೆಂದು ಸುಪ್ರೀಂ ಕೋರ್ಟ್ 2021ರಲ್ಲೂ ಒತ್ತಿ ಹೇಳಿತು. ಅವಳ ಬೆಲೆ ನ್ಯಾಯಾಲಯಕ್ಕೆ ಗೊತ್ತಾಗಿ ನಮಗೆ ಗೊತ್ತಾಗದಿರುವುದು ನಾಚಿಕೆಗೇಡು.

ಆದರೆ ಇದಕ್ಕೆ ನಿರ್ಲಕ್ಷ್ಯ ಸಾಬೀತಾಗಬೇಕು. ಕ್ರಿಮಿನಲ್ ಪ್ರಕರಣದಷ್ಟು ಕಟ್ಟುನಿಟ್ಟಾದ ಸಾಕ್ಷ್ಯ ಇಲ್ಲಿ ಬೇಡ. ಯಾವುದು ಹೆಚ್ಚು ಸಂಭವನೀಯ ಎಂಬುದನ್ನು ನ್ಯಾಯಮಂಡಳಿ ತೂಗಿ ನೋಡುತ್ತದೆ. ಹಾಗಿದ್ದರೂ ಎಫ್‌ಐಆರ್, ಸ್ಥಳ ಮಹಜರು, ನಕಾಶೆ, ಮರಣೋತ್ತರ ಪರೀಕ್ಷೆಯ ವರದಿ ಬೇಕೇ ಬೇಕು. ಮರಣೋತ್ತರ ಪರೀಕ್ಷೆ ಬೇಡವೆಂದು ಹಟ ಹಿಡಿಯುವ ಬಂಧುಗಳು ಅರಿಯದೆಯೇ ಅನಾಥರ ದಾವೆಯ ಬುಡಕ್ಕೆ ಕೊಡಲಿ ಹಾಕುತ್ತಾರೆ. ಮೃತನು ಬೈಕಿನಲ್ಲಿ ಮೂರನೆಯವನಾಗಿ ಕುಳಿತಿದ್ದನೆಂದು ಕಂಪೆನಿಯವರು ಹೆದರಿಸಿದರೆ ಅಂಜಬೇಕಿಲ್ಲ. ಅಪಘಾತಕ್ಕೆ ಅದು ಕಾರಣವಾಗಿರದಿದ್ದರೆ ಅಷ್ಟರಿಂದಲೇ ಪರಿಹಾರ ಕಡಿಮೆಯಾಗದೆಂದು 2020ರ ತೀರ್ಪಿದೆ. ಮದುವೆಗೆ ಗೂಡ್ಸ್ ಗಾಡಿ ಏರುವ ನಮ್ಮ ಅಭ್ಯಾಸ ಮಾತ್ರ ದುಬಾರಿ. ಸರಕಿನ ವಾಹನದಲ್ಲಿ ಪುಕ್ಕಟೆ ಪ್ರಯಾಣಿಸಿದವರಿಗೆ ಕಡ್ಡಾಯ ವಿಮೆಯ ರಕ್ಷಣೆಯಿಲ್ಲ. ಮಾಲಕನೇ ಕೊಡಬೇಕು, ಅವನ ಕೈಯಲ್ಲೇನಿರುತ್ತದೆ?

ನಿರ್ಲಕ್ಷ್ಯ ತೋರಿಸಲಾಗದಿದ್ದರೆ 164ನೇ ಸೆಕ್ಷನ್ನಿನಡಿ, ಯಾರ ತಪ್ಪೆಂದು ಕೇಳದೆಯೇ, ಸಾವಿಗೆ 5 ಲಕ್ಷ ರೂಪಾಯಿ ಇದೆ. ಗುದ್ದಿ ಪರಾರಿಯಾದ ವಾಹನ ಪತ್ತೆಯಾಗದಿದ್ದರೆ 2 ಲಕ್ಷ. ಎರಡೂ 2022ರ ಎಪ್ರಿಲ್ 1ರಿಂದ ಜಾರಿಯಲ್ಲಿವೆ.

ಅಂದಿನಿಂದಲೇ ಇನ್ನೊಂದು ನಿಯಮವೂ ಬಂದಿದೆ: ಅರ್ಜಿಯನ್ನು ಅಪಘಾತದ ದಿನದಿಂದ ಆರು ತಿಂಗಳೊಳಗೆ ಸಲ್ಲಿಸಬೇಕು. ವಿಧವೆಯ ಇದ್ದತ್ ನಾಲ್ಕು ತಿಂಗಳು ಹತ್ತು ದಿನ. ಇದ್ದತ್ ಮುಗಿಯಲಿ ಎಂದು ಕಾದರೆ ಉಳಿಯುವುದು ಎರಡು ತಿಂಗಳಿಗೂ ಕಡಿಮೆ. ತಡವಾದ ಕಾರಣಕ್ಕೆ ಅರ್ಜಿಗಳನ್ನು ವಜಾ ಮಾಡಬಾರದೆಂದು ಸುಪ್ರೀಂ ಕೋರ್ಟ್ 2025ರ ನವೆಂಬರಿನಲ್ಲಿ ಮಧ್ಯಂತರ ಆದೇಶ ನೀಡಿತಾದರೂ, ಮಧ್ಯಂತರ ಆದೇಶವನ್ನು ನಂಬಿ ಕೂರುವುದು ಜಾಣತನವಲ್ಲ. ಅಗತ್ಯಕ್ಕಾಗಿ ಹಗಲಿನಲ್ಲಿ ಹೊರಹೋಗಲು ಹನಫೀ ಫಿಕ್‌ಹ್ ವಿಧವೆಗೆ ಅನುಮತಿ ನೀಡಿದೆ. ಅದಕ್ಕೂ ಮನಸ್ಸಾಗದಿದ್ದರೆ ವಕೀಲರ ಗುಮಾಸ್ತರು ಮನೆಗೇ ಬಂದು ವಕಾಲತ್‌ನಾಮೆಗೆ ಸಹಿ ಪಡೆಯಬಹುದು. ಅಪಘಾತ ಎಲ್ಲೇ ನಡೆದಿರಲಿ, ತಾನು ವಾಸಿಸುವ ಊರಿನ ವ್ಯಾಪ್ತಿಯ ನ್ಯಾಯಮಂಡಳಿಯಲ್ಲೇ ಆಕೆ ಅರ್ಜಿ ಸಲ್ಲಿಸಬಹುದು.