ಪಟ್ಟಣದವರ ಕಣ್ಣು, ನಮ್ಮ ಬೆಳೆ

(ರೈತರ ತರಬೇತಿ ಶಿಬಿರದಲ್ಲಿ ಮಾಡಿದ ಭಾಷಣ)



ಪಟ್ಟಣದಲ್ಲಿ ಹುಟ್ಟಿ ಬೆಳೆದವರಿಗೆ ರಾಗಿ ಪೈರಿಗೂ ಹುಲ್ಲಿಗೂ ವ್ಯತ್ಯಾಸ ತಿಳಿಯದೆಂದು ನಾವು ನಗುವುದುಂಟು. ನಗುವ ಮೊದಲು ಅವರು ಬೆಳೆದ ಬಗೆಯನ್ನು ಯೋಚಿಸಬೇಕು. ಬೆಂಗಳೂರನ್ನೇ ನೋಡಿ. ಕೆಂಪೇಗೌಡ ಬಸ್ ನಿಲ್ದಾಣವಿರುವಲ್ಲಿ ಹಿಂದೆ ಧರ್ಮಾಂಬುಧಿ ಕೆರೆಯಿತ್ತು. ಕಂಠೀರವ ಕ್ರೀಡಾಂಗಣವಿರುವಲ್ಲಿ ಸಂಪಂಗಿ ಕೆರೆಯಿತ್ತು. 1974ರಿಂದ ಕಾವೇರಿ ನೀರು ಸುಮಾರು 100 ಕಿ.ಮೀ. ದೂರದಿಂದ ಕೊಳವೆಯಲ್ಲಿ ಬರುತ್ತಿದೆ. ಕೆರೆ ತುಂಬುವುದನ್ನೂ ಬತ್ತುವುದನ್ನೂ ಕಾಣದ ಮಗುವಿಗೆ ನೀರೆಂದರೆ ನಲ್ಲಿ, ತರಕಾರಿಯೆಂದರೆ ಅಂಗಡಿ. ಇದು ಆ ಮಗುವಿನ ತಪ್ಪಲ್ಲ.

ಹಾಗೆಂದು ಅವರಿಗೆ ಪ್ರಕೃತಿಯ ಮೇಲೆ ಪ್ರೀತಿಯಿಲ್ಲ ಎನ್ನಲಾಗದು. ಲಾಲ್‌ಬಾಗಿನ ಫಲಪುಷ್ಪ ಪ್ರದರ್ಶನಕ್ಕೆ ಜನ ಕಿಕ್ಕಿರಿದು ಸೇರುತ್ತಾರೆ. ಆದರೆ ಅಲ್ಲಿ ಕಾಣುವುದು ಆಯ್ದು ಜೋಡಿಸಿದ ಹೂವು, ಕಲೆಯಿಲ್ಲದ ಹಣ್ಣು. ಅದೇ ಕಣ್ಣಿನಿಂದ ಅವರು ತರಕಾರಿಯನ್ನೂ ಆರಿಸುತ್ತಾರೆ. ಇದರ ಪರಿಣಾಮ ನಮ್ಮ ಹೊಲದ ಮೇಲಾಗುತ್ತದೆ.

ಬದನೆಯನ್ನೇ ತೆಗೆದುಕೊಳ್ಳಿ. ಕುಡಿ ಮತ್ತು ಕಾಯಿ ಕೊರಕದ ಮರಿಹುಳು ಮೊದಲು ಕುಡಿಯನ್ನು, ಅನಂತರ ಕಾಯಿಯನ್ನು ಕೊರೆದು ಒಳಸೇರುತ್ತದೆ. ಒಳಗಿರುವ ಹುಳುವಿಗೆ ಮೇಲೆ ಹೊಡೆದ ಔಷಧಿ ತಗಲುವುದಿಲ್ಲ. ಆದರೂ ತೂತು ಕಂಡರೆ ಬೆಲೆ ಇಳಿದೀತೆಂದು ಹೆದರಿ, ಕೊಯ್ಲಿನ ಹಿಂದಿನ ದಿನವೂ ಸಿಂಪಡಿಸುವವರಿದ್ದಾರೆ. ಕೊಳ್ಳುವವರು ನುಣುಪಾದ ಕಾಯಿ ಕಂಡು ಸಂತೋಷಪಡುತ್ತಾರೆ. ವಿಷವು ಅವರ ತಟ್ಟೆಗೂ ಹೋಗುತ್ತದೆ, ಹೊಡೆದವನ ಮೈಗೂ ಸೇರುತ್ತದೆ. ಖರ್ಚು ಮಾತ್ರ ನಮ್ಮದೇ.

ಇದಕ್ಕೆ ಎರಡು ದಾರಿಗಳಿವೆ. ಮೊದಲನೆಯದು ಹೊಲದ ಕೆಲಸ. ಬಾಡಿದ ಕುಡಿಗಳನ್ನು ವಾರಕ್ಕೊಮ್ಮೆ ಹುಳು ಸಮೇತ ಕತ್ತರಿಸಿ ಸುಡಬೇಕು. ತೂತಾದ ಕಾಯಿಗಳನ್ನು ಹೊಲದಲ್ಲಿ ಬಿಡಬಾರದು. ಗಂಡು ಪತಂಗಗಳನ್ನು ಹಿಡಿಯುವ ಮೋಹಕ ಬಲೆಗಳನ್ನು ಕಟ್ಟಬೇಕು. ಸಿಂಪಡಿಸಲೇಬೇಕಾದರೆ, ಡಬ್ಬಿಯ ಮೇಲಿನ ಚೀಟಿಯಲ್ಲಿ ಹೇಳಿದಷ್ಟು ದಿನ ಕಾದೇ ಕಾಯಿ ಕೀಳಬೇಕು.

ಎರಡನೆಯದು ಕೊಳ್ಳುವವರೊಡನೆ ಮಾತು. ಕಾರ್ತಿಕ ಮಾಸದ ಕಡೆಯ ಸೋಮವಾರ ಬಸವನಗುಡಿಯಲ್ಲಿ ನಡೆಯುವ ಕಡಲೆಕಾಯಿ ಪರಿಷೆಯನ್ನು ನೋಡಿರುವಿರಿ. ಮಣ್ಣು ಮೆತ್ತಿದ ಹಸಿ ಕಾಯಿಯನ್ನೂ ಪಟ್ಟಣದವರು ಒಂದೆರಡು ಸುಲಿದು, ರುಚಿ ನೋಡಿ, ಚೌಕಾಸಿ ಮಾಡಿ ಕೊಳ್ಳುತ್ತಾರೆ. ಕಾಯಿ ಮಣ್ಣಿನೊಳಗಿನಿಂದ ಬಂದದ್ದೆಂದು ತಿಳಿದ ಮೇಲೆ ಮಣ್ಣು ದೋಷವಾಗಿ ಕಾಣುವುದಿಲ್ಲ. ತಿಳಿವಳಿಕೆಯೊಂದಿದ್ದರೆ ಕಣ್ಣೂ ಬದಲಾಗುತ್ತದೆ.

ಆದುದರಿಂದ ರಜೆಗೆ ಬರುವ ನೆಂಟರ ಮಕ್ಕಳಿಗೂ, ನಿಮ್ಮಿಂದ ನೇರವಾಗಿ ಕೊಳ್ಳುವ ಗಿರಾಕಿಗಳಿಗೂ ಒಂದು ಬಾಡಿದ ಕುಡಿಯನ್ನು ಸೀಳಿ ಒಳಗಿನ ಹುಳುವನ್ನು ತೋರಿಸಿ. ಎಲೆಕೋಸಿನ ಹೊರ ಎಲೆ ತೂತಾಗಿದ್ದರೂ ಒಳಗೆ ಚೆನ್ನಾಗಿರಬಹುದು ಎಂಬುದನ್ನು ಬಿಚ್ಚಿ ತೋರಿಸಿ. ಔಷಧಿ ಹೊಡೆದು ಎಷ್ಟು ದಿನವಾಯಿತೆಂದು ಕೇಳುವುದನ್ನು ಅವರಿಗೆ ಕಲಿಸಿ. ಕೇಳಿದಾಗ ನಿಜ ಹೇಳಿ. ಕೊಳೆತದ್ದನ್ನು ಮಾತ್ರ 'ಸಹಜ'ವೆಂದು ಮಾರಬೇಡಿ, ಒಮ್ಮೆ ಹೋದ ನಂಬಿಕೆ ಮರಳಿ ಬಾರದು. ವಿಸ್ತರಣಾ ಕಾರ್ಯಕರ್ತರು ಪಟ್ಟಣದ ಶಾಲಾ ಮಕ್ಕಳನ್ನು ವರ್ಷಕ್ಕೊಮ್ಮೆಯಾದರೂ ಇಂಥ ಹೊಲಗಳಿಗೆ ಕರೆತರಬೇಕು.

ಕೊಳ್ಳುವವರಿಗೆ ಹೊಲ ತಿಳಿದಷ್ಟೂ ನಮ್ಮ ಬೆನ್ನ ಮೇಲಿನ ಸಿಂಪರಣಾ ಯಂತ್ರದ ಭಾರ ಇಳಿದೀತು.